ಹೌರಸೇ ದ್ವೀಪದ ಕಾವಲು

ಬೇಸಿಗೆಯಲ್ಲಿ ಉತ್ತರದ ಆ ದ್ವೀಪಗಳಲ್ಲಿ ಸಂಜೆ ಬೇಗ ಕತ್ತಲಾಗುವುದಿಲ್ಲ. ಬೆಳಕು ಬೂದಿಯ ಬಣ್ಣಕ್ಕೆ ತಿರುಗಿ, ಹೋಗಲೋ ಇರಲೋ ಎಂದು ಹೊಸ್ತಿಲಲ್ಲಿ ನಿಂತ ನೆಂಟನ ಹಾಗೆ ನಿಂತುಬಿಡುತ್ತದೆ. ಅಂಥ ಬೆಳಕಿನಲ್ಲಿ ಮಳೆ ಸಮುದ್ರದ ಕಡೆಯಿಂದ ಅಡ್ಡಡ್ಡವಾಗಿ ಬಂದು ಡೊಲೀನಾ ಮುದುಕಿಯ ಮನೆಯ ಕಿಟಕಿಗೆ ಬಡಿಯುತ್ತಿತ್ತು. ಒಳಗೆ ಒಲೆಯಲ್ಲಿ ಸೌದೆಯ ಬದಲು ಜೌಗುಮಣ್ಣಿನ ಒಣಹೆಂಟೆಗಳು ಸದ್ದಿಲ್ಲದೆ ಕೆಂಪಗೆ ಉರಿಯುತ್ತಿದ್ದವು. ಬೆಟ್ಟದ ಕಣಿವೆ ದಾಟಿ ನೆನೆದು ತೊಪ್ಪೆಯಾಗಿ ಬಂದಿದ್ದ ಪ್ರವಾಸಿಗಳು ಕುರಿಮಾಂಸದ ಬಾರ್ಲಿ ಸಾರು ಕುಡಿದು ಒಲೆಯ ಸುತ್ತ ಕಾಲು ಚಾಚಿ ಕೂತಿದ್ದರು. ಅವರಲ್ಲಿ ಗ್ಲಾಸ್ಗೋದ ನಿವೃತ್ತ ಮೇಷ್ಟ್ರು ಪ್ರಿಂಗಲ್ ಇದ್ದರು, ಯಾರ್ಕಿನಿಂದ ಬಂದ ಅಕ್ಕತಂಗಿಯರಿದ್ದರು, ಹೊಸದಾಗಿ ಮದುವೆಯಾದ ಒಂದು ಜೋಡಿಯಿತ್ತು.

ಅವರನ್ನು ದಿನಗಟ್ಟಲೆ ಬೆಟ್ಟ, ಕೊಲ್ಲಿ, ದ್ವೀಪ ಎಂದು ನಡೆಸಿಕೊಂಡು ಬಂದ ಮಾರ್ಸಲಿ ಮಾತ್ರ ಕೂತಿರಲಿಲ್ಲ. ಗೋಡೆಯ ಪಕ್ಕ ಮಂಡಿಯೂರಿ, ಒದ್ದೆ ಬೂಟುಗಳೊಳಗೆ ಹಳೆಯ ಪತ್ರಿಕೆಯ ಹಾಳೆ ತುರುಕುತ್ತಿದ್ದಳು. ತಣ್ಣೀರಿನಲ್ಲಿ ಬಹಳ ಹೊತ್ತು ಅದ್ದಿದ ಕೈಗೆ ನೋವೂ ತಿಳಿಯುವುದಿಲ್ಲ, ಬಿಸಿಯೂ ತಿಳಿಯುವುದಿಲ್ಲ. ಅಪ್ಪ ಹೋದಂದಿನಿಂದ ಅವಳ ಒಳಗೂ ಹಾಗೆಯೇ ಇತ್ತು. ಊಟ ಮಾಡುತ್ತಿದ್ದಳು, ದಾರಿ ತೋರಿಸುತ್ತಿದ್ದಳು, ನಗಬೇಕಾದಲ್ಲಿ ನಗುತ್ತಿದ್ದಳು. ಯಾವುದೂ ಚರ್ಮದಿಂದ ಒಳಗಿಳಿಯುತ್ತಿರಲಿಲ್ಲ.

ದೋಣಿಯ ಫಿನ್ಲೇ ಕೋಟು ಕೊಡವುತ್ತಾ ಒಳಬಂದ. "ನಾಳೆ ಸಮುದ್ರ ಸುಮ್ನಿರುತ್ತೆ. ಹೌರಸೇಗೆ ಹೋಗಬಹುದು. ಹೊಟ್ಟೆ ಗಟ್ಟಿ ಇರೋರು ದೋಣೀಲಿ ಎಲ್ಲಾದ್ರೂ ಕೂರಿ, ಇಲ್ಲದೋರು ದಯವಿಟ್ಟು ನನ್ನಿಂದ ದೂರ ಕೂರಿ."

ಎಲ್ಲರೂ ನಕ್ಕರು. ಪ್ರಿಂಗಲ್ ಮೇಷ್ಟ್ರಿಗೆ ಆಗ ನೆನಪಾಯಿತು.

"ಡೊಲೀನಮ್ಮ, ನಿಮ್ಮ ಮಾರ್ಸಲಿ ನನಗೊಂದು ಬಾಯಿಪಾಠ ಮಾಡಿಸಿದಾಳೆ. ಆ ಖಾಲಿ ದ್ವೀಪದ ಸ್ಮಶಾನದ ಗೇಟಿನ ಹತ್ರ ಒಬ್ಬ ಮುದುಕ ನಿಂತಿರಬಹುದಂತೆ. 'ನಿಮ್ಮ ಹಿಂದೆ ಯಾರಾದ್ರೂ ಬರ್ತಿದಾರಾ' ಅಂತ ಕೇಳ್ತಾನಂತೆ. 'ಮಾರ್ಸಲಿ ಬರ್ತಿದಾಳೆ' ಅನ್ನಬೇಕಂತೆ. ಏನಿದು? ವಯಸ್ಸಾದ ಮೇಷ್ಟ್ರನ್ನ ಹೆದರಿಸೋ ಆಟಾನಾ?"

ಡೊಲೀನಾಳ ಕೈಯ ಸೌಟು ಪಾತ್ರೆಯೊಳಗೇ ನಿಂತಿತು. ಅವಳು ಮಾರ್ಸಲಿಯನ್ನು ನೋಡಿದಳು. ತಾಯಿಯಿಲ್ಲದ ಆ ಕೂಸನ್ನು ಎತ್ತಿ ಆಡಿಸಿ ಬೆಳೆಸಿದ ಚಿಕ್ಕಮ್ಮ ಅವಳು. ಆ ಬೆನ್ನು ಬಾಗಿದ ರೀತಿಯಲ್ಲೇ ಅವಳ ಬಹುದಿನದ ಅನುಮಾನ ಖಚಿತವಾಯಿತು. ಮಾರ್ಸಲಿ ತಲೆ ಎತ್ತಲಿಲ್ಲ. ಇನ್ನೊಂದು ಬೂಟು ಕೈಗೆತ್ತಿಕೊಂಡಳು.

"ಫಿನ್ಲೇ, ಬಾಗಿಲು ಹಾಕು" ಎಂದಳು ಡೊಲೀನಾ. "ಮಾರ್ಸಲೀ, ನೀನೂ ಬಾ. ಬೂಟೇನು ಎದ್ದು ಓಡಿಹೋಗಲ್ಲ."

ಒಲೆಯ ಪಕ್ಕದ ಕುರ್ಚಿಯಲ್ಲಿ ಕೂತು, ಕಣ್ಣು ಮುಚ್ಚಿ ತುಟಿಯಲ್ಲೇ ಒಂದು ಪ್ರಾರ್ಥನೆ ಮುಗಿಸಿ, ಮುದುಕಿ ಮಾತು ತೆಗೆದಳು.

"ಆಟ ಅಲ್ಲ ಮೇಷ್ಟ್ರೇ... ಕೇಳಿ. ಹೌರಸೇಲಿ ಜನ ಇದ್ದ ಕಾಲ. ನಾನು ಹುಟ್ಟಿದ್ದು ಅಲ್ಲೇ, ನನ್ನಕ್ಕ ಕರ್ಸ್ಟಿ ಹುಟ್ಟಿದ್ದೂ ಅಲ್ಲೇ. ನಮ್ಮಲ್ಲೊಂದು ಕಟ್ಟಳೆ ಇತ್ತು. ಯಾರು ಹಾಕಿದ್ದು, ಯಾವಾಗ ಹಾಕಿದ್ದು ಅಂತ ಕೇಳ್ಬೇಡಿ, ಸಮುದ್ರಕ್ಕೆ ಉಪ್ಪು ಯಾರು ಹಾಕಿದ್ರು ಅಂತ ಯಾರಾದ್ರೂ ಕೇಳ್ತಾರಾ? ಸ್ಮಶಾನಕ್ಕೆ ಕೊನೇಲಿ ಹೋದವರು ಗೇಟಿನ ಹತ್ರ ಕಾವಲು ನಿಲ್ಲಬೇಕು. ಒಳಗಿರೋರೆಲ್ಲ ಮಲಗ್ತಾರೆ, ಇವರೊಬ್ಬರು ನಿಂತಿರ್ತಾರೆ. ಗಾಳಿ ಆಗ್ಲಿ ಮಳೆ ಆಗ್ಲಿ, ಮುಂದಿನ ಹೆಣ ಬಂದು ಕಾವಲು ತಗೊಳ್ಳೋ ತನಕ ಇವರಿಗೆ ಬಿಡುಗಡೆ ಇಲ್ಲ. ಜನ ಇರೋ ಊರಲ್ಲಿ ಅದೇನು ದೊಡ್ಡದಲ್ಲ ಬಿಡಿ, ಇವತ್ತಲ್ಲ ನಾಳೆ ಯಾರೋ ಒಬ್ಬರು ಬಂದೇ ಬರ್ತಾರೆ. ಆದರೆ ಒಂದೇ ದಿನ ಎರಡು ಹೆಣ ಹೊರಟರೆ? ಆಗ ನೋಡ್ಬೇಕಿತ್ತು ನೀವು! ಯಾರ ಹೆಣದ ಪೆಟ್ಟಿಗೆ ಮೊದಲು ಗೇಟು ದಾಟುತ್ತೋ ಅವರು ಗೆದ್ದರು. ಹೆಣ ಹೊತ್ತವರು ಎದ್ದೆನೋ ಬಿದ್ದೆನೋ ಅಂತ ಓಡ್ತಿದ್ರು, ಕಲ್ಲು ಹೊಡೀತಿದ್ರು... ಹೌದಮ್ಮ, ನಗು ಬರುತ್ತೆ. ನಮಗೂ ಬರ್ತಿತ್ತು, ನಮ್ಮ ಮನೆಯ ಪೆಟ್ಟಿಗೆ ಅಲ್ಲದಿದ್ದರೆ."

ಯಾರ್ಕಿನ ತಂಗಿ ನಗು ನುಂಗಿಕೊಂಡಳು.

"ಆ ಚಳಿಗಾಲ ನಮ್ಮಕ್ಕ ಹೆರಿಗೆಯಲ್ಲಿ ಹೋದಳು. ಮಗು ಉಳೀತು. ಅದೇ ದಿನ ದ್ವೀಪದ ಆ ತುದಿಯಲ್ಲಿ ಮುದುಕ ಟಾರ್ಕ್ವಿಲ್ ಸತ್ತ. ಎರಡೂ ಮೆರವಣಿಗೆ ಎರಡು ದಿಕ್ಕಿಂದ ಹೊರಟು, ದಾರಿ ಕೂಡೋ ಕಡೆ ಒಂದರ ಕಣ್ಣಿಗೆ ಇನ್ನೊಂದು ಬಿತ್ತು. ನಮ್ಮಲ್ಲಿ ಹೆಂಗಸರು ಹೆಣದ ಜೊತೆ ಸ್ಮಶಾನಕ್ಕೆ ಹೋಗೋ ಹಾಗಿಲ್ಲ, ದಾರಿಬದಿಯ ಗೋಡೆ ಹತ್ರ ನಿಂತು ನೋಡ್ತಿದ್ವಿ. ಟಾರ್ಕ್ವಿಲನ ಮಕ್ಕಳು ಕುಡಿದಿದ್ರು, ಕಂಡಿದ್ದೇ ತಡ ಓಟ ಕಿತ್ತರು, ಪೆಟ್ಟಿಗೆ ಭುಜದ ಮೇಲೆ ಕುಣೀತಿತ್ತು, ಒಬ್ಬನ ಬೂಟು ಕೆಸರಲ್ಲೇ ಉಳೀತು. ನಾನು ಕಿರುಚಿದೆ, 'ಓಡಿ! ಬಾವಾ, ಓಡು!' ಅಂತ. ಹೊತ್ತವರೂ ಕೂಗಿದರು. ನಮ್ಮ ಬಾವ ಲಾಕ್ಲನ್ ಪೆಟ್ಟಿಗೆಯ ತಲೆ ಕಡೆ ಇದ್ದ. ತುಂಬಾ ದೈವಭಕ್ತ. ತಿರುಗಿ ನಮ್ಮನ್ನ ನೋಡಿ ಏನಂದ ಗೊತ್ತಾ? 'ನಡೀರಿ. ಅವಳು ಯಾವತ್ತೂ ಓಡಿದವಳಲ್ಲ.' ಅಷ್ಟೇ. ಕೀರ್ತನೆ ಹೇಳ್ತಾ ನಡೆದೇ ಹೋದ... ಟಾರ್ಕ್ವಿಲ್ ಒಳಗೆ ಹೋಗಿ ಮಲಗಿದ. ನಮ್ಮಕ್ಕ ಗೇಟಿನ ಹತ್ರ ನಿಂತಳು."

ಮಾರ್ಸಲಿ ಹಾಳೆಯನ್ನು ಉಂಡೆ ಮಾಡುತ್ತಿದ್ದಳು. ಈ ಕತೆಯನ್ನು ಅವಳು ಅಪ್ಪನ ಬಾಯಲ್ಲಿ ಕೇಳಿದ್ದಳು, ಚಿಕ್ಕಮ್ಮನ ಬಾಯಲ್ಲಿ ಕೇಳಿದ್ದಳು. ಹೊಸ ಜೋಡಿಯ ಹುಡುಗಿ ತನ್ನತ್ತ ನೋಡುತ್ತಿರುವುದು ತಿಳಿಯಿತು. ಉಳಿದ ಮಗು ಯಾರೆಂದು ಆ ಹುಡುಗಿಗೆ ಹೊಳೆದಿತ್ತು.

"ಆಮೇಲೆ ಯಾರೂ ಸಾಯಲಿಲ್ಲವೇ?" ಎಂದರು ಮೇಷ್ಟ್ರು.

"ಅದೇ ನೋಡಿ. ಸಾಯೋಕೂ ಜನ ಬೇಕಲ್ಲ! ಬೇಸಿಗೆಗೆ ಸರ್ಕಾರದ ಹಡಗು ಬಂತು. ಆಸ್ಪತ್ರೆ ಇಲ್ಲ, ಶಾಲೆ ಇಲ್ಲ, ಇಲ್ಲಿ ಹೇಗಿರ್ತೀರಿ ಅಂತ ಎಲ್ಲರನ್ನೂ ಹತ್ತಿಸಿಕೊಂಡು ಈ ಕಡೆ ತಂದು ಬಿಟ್ಟರು. ಕುರಿಗಳನ್ನೂ ತಂದರು. ಅಕ್ಕನ್ನ ಬಿಟ್ಟು ಬಂದ್ವಿ. ನಾನು ಬಾವನಿಗೆ ಜೀವಮಾನವೆಲ್ಲ ಅಂದೆ, 'ನೀನು ನಾಲ್ಕು ಹೆಜ್ಜೆ ಓಡಿದ್ದರೆ ನನ್ನಕ್ಕ ಇವತ್ತು ಮಲಗಿರ್ತಿದ್ದಳು' ಅಂತ. ಅವನು ಒಂದು ದಿನಾನೂ ತಿರುಗಿ ಮಾತಾಡಲಿಲ್ಲ. ಪ್ರವಾಸಿಗಳಿಗೆ ದಾರಿ ತೋರಿಸೋ ಕೆಲಸ ಹಿಡಿದ. ಬೆಟ್ಟಗಳನ್ನ ತೋರಿಸಿ, ದ್ವೀಪಗಳನ್ನ ತೋರಿಸಿ, ಕೊನೇಗೆ ಹೌರಸೇಗೆ ಕರ್ಕೊಂಡು ಹೋಗೋನು. ಎಲ್ಲರನ್ನೂ ಮುಂದೆ ಬಿಟ್ಟು ತಾನು ಹಿಂದೆ ನಡೆಯೋನು, ಯಾರೂ ಹಿಂದುಳಿಯಬಾರದು ಅಂತ. ಈಗ ಇವಳು ನಡೆಯಲ್ವಾ, ಹಾಗೆ.

"ದೋಣಿಗೆ ವಾಪಸ್ ಬಂದವರು ಕೇಳೋರು, 'ಗೇಟು ಹಿಡ್ಕೊಂಡು ನಿಂತಿದ್ದಳಲ್ಲ, ಆ ಹೆಂಗಸು ಯಾರು? ಬಿಸಿಲಲ್ಲೂ ಶಾಲು ಒದ್ದೆ ಇತ್ತಲ್ಲ? ನಿಮ್ಮ ಹಿಂದೆ ಯಾರಾದ್ರೂ ಬರ್ತಿದಾರಾ ಅಂತ ಕೇಳಿದಳು.' ಬಾವ ಬಿದ್ದು ಎದ್ದು ಓಡೋನು. ಅವತ್ತು ಓಡದ ಮನುಷ್ಯ! ಹೋಗಿ ನೋಡಿದರೆ ಖಾಲಿ ಗೇಟು. ಬೇಸಿಗೆ ಬೇಸಿಗೆಗೂ ಹೀಗೇ. ಬಂದವರಿಗೆಲ್ಲ ಕಾಣಿಸ್ತಾಳೆ, ಅವನೊಬ್ಬನಿಗೆ ಕಾಣಿಸಲ್ಲ. ಅವಳಿಗೆ ತನ್ನ ಮೇಲೆ ಕೋಪ ಅಂತ ಅಂದ್ಕೊಂಡ ಪಾಪ. ಪಾದ್ರಿಗಳು ಬೈದರು, 'ಸತ್ತವರೆಲ್ಲ ದೇವರ ಹತ್ರ ಇರ್ತಾರೆ ಲಾಕ್ಲನ್' ಅಂತ. ಇವನು ಟೋಪಿ ತೆಗೆದು ಹೇಳಿದ, 'ಇರಬಹುದು ಸ್ವಾಮಿ. ಎಲ್ಲರೂ ಇರಬಹುದು. ಒಬ್ಬಳು ಹೊರಗಿದಾಳೆ.'"

ಮಳೆ ಸ್ವಲ್ಪ ಹೊತ್ತು ಜೋರಾಗಿ, ಮತ್ತೆ ಮೊದಲಿನ ಹದಕ್ಕೆ ಬಂತು. ಫಿನ್ಲೇ ಎದ್ದು ಒಲೆಗೆ ಇನ್ನೊಂದು ಹೆಂಟೆ ಇಟ್ಟ.

"ಕೊನೇಗೊಂದು ಸಲ... ಮೋಡದ ಚೂರೂ ಇಲ್ಲದ ದಿನ. ಬಾವ ಎಲ್ಲರಿಗಿಂತ ಮುಂದೆ ನಡೆಯೋನ ಕಿವೀಲಿ ಹೇಳಿದ, 'ಕೇಳಿದರೆ ಲಾಕ್ಲನ್ ಬರ್ತಿದಾನೆ ಅನ್ನು.' ಅವನು ಹಾಗೇ ಅಂದ. ಆ ಹೆಂಗಸು ಆ ಹೆಸರನ್ನ ಯಾರದೋ ಅನ್ನೋ ಹಾಗೆ ಒಂದು ಸಲ ಬಾಯಲ್ಲಿ ಆಡಿಸಿ, ಆಮೇಲೆ ಗೇಟು ಬಿಟ್ಟು ಒಳಗೆ ಹೋದಳಂತೆ. ಬಾವ ಹಿಂದಿಂದ ಬಂದವನು ಗೇಟಿನ ಕಲ್ಲಿನ ಮೇಲೆ ಬೂಟಿನ ದಾರ ಕಟ್ಕೊಳ್ಳೋಕೆ ಕೂತ. ಹಾಗೇ ಹೋಗಿಬಿಟ್ಟಿದ್ದ, ದಾರ ಕೈಲೇ ಇತ್ತು. ಅಲ್ಲೇ ಮಣ್ಣು ಮಾಡಿದ್ವಿ. ಅವತ್ತಿಂದ ಯಾರಿಗೂ ಶಾಲಿನ ಹೆಂಗಸು ಕಂಡಿಲ್ಲ... ಈಗ ಕಾಣೋದು ಕೋಲು ಹಿಡಿದ ಒಬ್ಬ ಮುದುಕ. ಇವಳಪ್ಪ."

ಎಲ್ಲರೂ ಮಾರ್ಸಲಿಯ ಕಡೆ ತಿರುಗಿದರು. ಅವಳು ಬೂಟನ್ನು ಸಾಲಿನಲ್ಲಿಟ್ಟು, ಮಂಡಿಯ ಧೂಳು ಒರೆಸಿಕೊಂಡಳು. ಧ್ವನಿ ನಾಳೆಯ ಊಟದ ವಿಷಯ ಹೇಳುವ ಹಾಗೆಯೇ ಇತ್ತು.

"ಮೇಷ್ಟ್ರೇ, ನಾನು ಹೇಳಿಕೊಟ್ಟಿದ್ದು ನೆನಪಿದೆ ತಾನೇ?"

"ಏನೇ ಇದು!" ಎಂದಳು ಡೊಲೀನಾ.

"ಮತ್ತೇನು ಮಾಡ್ಲಿ ಚಿಕ್ಕಮ್ಮ? ಕಿಟಕಿ ಆಚೆ ನೋಡು. ಅಪ್ಪ ಇದರಲ್ಲಿ ನಿಂತಿದಾನೆ. ಬಂದವರೆಲ್ಲ ನೋಡಿ ಬಂದು ನನಗೆ ಹೇಳ್ತಾರೆ, ಒಳ್ಳೇ ಮನುಷ್ಯ, ನಮಗೆ ಗೇಟು ತೆಗೆದು ಹಿಡಿದ ಅಂತ. ನನಗೆ ಗೇಟು ಮಾತ್ರ ಕಾಣುತ್ತೆ. ಆಮೇಲೆ ಅವರ ಬುತ್ತಿ ಬಿಚ್ಚಿ ಕೊಡ್ತೀನಿ. ಇನ್ನೆಷ್ಟು ಬೇಸಿಗೆ ಹೀಗೆ ಕೊಡ್ಲಿ? ನನಗೇನೂ ಭಯ ಇಲ್ಲ. ಭಯವೂ ಆಗಲ್ಲ, ಏನೂ ಆಗಲ್ಲ."

ಪ್ರಿಂಗಲ್ ಮೇಷ್ಟ್ರು ಚಾಚಿದ್ದ ಕಾಲನ್ನು ಒಳಗೆಳೆದುಕೊಂಡರು.

"ಕೂತ್ಕೋ" ಎಂದಳು ಡೊಲೀನಾ. "ಹೋದ ವಾರ ನೀನು ಬೆಟ್ಟದಲ್ಲಿದ್ದಾಗ ನಾನು ಹೌರಸೇಗೆ ಹೋಗಿದ್ದೆ."

ಮಾರ್ಸಲಿ ಫಿನ್ಲೇಯನ್ನು ನೋಡಿದಳು. ಅವನು ತನ್ನ ಟೋಪಿಯ ಅಂಚನ್ನು ನೋಡುತ್ತಿದ್ದ. "ಬೇಡ ಅಂದೆ ಕಣೇ" ಎಂದ. "ಈ ಮುದುಕಿ ಯಾರ ಮಾತು ಕೇಳಿದಾಳೆ?"

"ನಿಂತಿದ್ದ," ಎಂದಳು ಡೊಲೀನಾ. "ನಾನು ಅಂದ್ಕೊಂಡೆ, ಈಗ ಬೈತಾನೆ, ನನ್ನ ಸಾರಿನ ಉಪ್ಪಿನ ಬಗ್ಗೆ ಏನಾದ್ರೂ ಅಂತಾನೆ ಅಂತ. ಅನ್ನಲಿಲ್ಲ. ನನ್ನ ಗುರುತೇ ಹತ್ತಲಿಲ್ಲ ಅವನಿಗೆ. ಯಾವುದೋ ಊರಿನ ಪ್ರವಾಸಿ ಅನ್ನೋ ಹಾಗೆ, 'ಕಲ್ಲು ಜಾರುತ್ತೆ ತಾಯಿ, ನೋಡ್ಕೊಂಡು ಬನ್ನಿ' ಅಂದ. ನಿಂತು ನಿಂತು ಎಲ್ಲಾ ಸವೆದು ಹೋಗುತ್ತೆ ಅಂತ ಕಾಣುತ್ತೆ ಅಲ್ಲಿ. ಹೆಸರು, ಮುಖ, ಜಗಳ, ಎಲ್ಲಾ. ಆಮೇಲೆ ಕೇಳಿದ, ನಿಮ್ಮ ಹಿಂದೆ ಯಾರಾದ್ರೂ ಬರ್ತಿದಾರಾ ಅಂತ. ನಿನ್ನ ಮುಖ ನೋಡಿ ನೋಡಿ ನಿನ್ನ ಮನಸ್ಸಲ್ಲಿರೋದು ನನಗೆ ಗೊತ್ತಿತ್ತು ಕಣೇ. ನೋಡೋಣ ಅಂತ ಅಂದೆ, 'ಮಾರ್ಸಲಿ ಬರ್ತಿದಾಳೆ.'"

ಮಾರ್ಸಲಿ ಚಿಕ್ಕಮ್ಮನ ಕಡೆ ಒಂದು ಹೆಜ್ಜೆ ಇಟ್ಟಳು.

"ಗೇಟು ಹಾಕಿಬಿಟ್ಟ. ನನ್ನ ಮುಖಕ್ಕೇ ಹಾಕಿದ. ಎರಡೂ ಕೈಯಲ್ಲಿ ಅದುಮಿ ಹಿಡ್ಕೊಂಡ. ಹೆಂಡತಿ ಹೆಸರು ಹೇಳಿದೆ, ಅದೂ ನೆನಪಿಲ್ಲ ಅವನಿಗೆ. ಆದರೆ ಆ ಒಂದು ಹೆಸರಿಗೆ ಗೇಟು ತೆಗೆಯಬಾರದು ಅನ್ನೋದು ಮಾತ್ರ ನೆನಪಿದೆ. ನಿನಗೆ ಅವನು ಯಾಕೆ ಕಾಣಲ್ಲ ಅಂದ್ಕೊಂಡಿದ್ದೀಯ? ನಿನ್ನ ಹೆಜ್ಜೆ ಸದ್ದಿಗೆ ಗೋಡೆ ಹಿಂದೆ ಹೋಗ್ತಾನೆ ಕಣೇ, ನೋಡಿದರೆ ನೀನು ಉಳ್ಕೊಂಡುಬಿಡ್ತೀಯ ಅಂತ. ನಮ್ಮಕ್ಕನೂ ಅವನಿಂದ ಹಾಗೇ ಮರೆಯಾದಳು. ಕೋಪಕ್ಕಲ್ಲ."

ಮಾರ್ಸಲಿ ಕೂತಳು. ಎದೆಯೊಳಗೆ ಎಲ್ಲೋ ಬಹಳ ಕೆಳಗೆ, ಮರಗಟ್ಟಿದ ಬೆರಳಿಗೆ ರಕ್ತ ಹರಿಯತೊಡಗಿದಾಗಿನ ಮುಳ್ಳುಮುಳ್ಳು ನೋವು ಒಂದು ಕ್ಷಣ ಎದ್ದಿತು, ಮತ್ತೆ ನಿಂತುಹೋಯಿತು.

"ಆಮೇಲೆ?" ಎಂದಳು.

"ಆಮೇಲೇನು. ಗೇಟಿನ ಆಚೆಯಿಂದಲೇ ಹೇಳಿದೆ, 'ಹಾಗಾದ್ರೆ ಡೊಲೀನಾ ಬರ್ತಾಳೆ, ಸರಿನಾ?' ಅಂತ. ತಕ್ಷಣ ಗೇಟು ತೆಗೆದ."

ಮುದುಕಿ ಎದ್ದು ಸಾರಿನ ಪಾತ್ರೆಯ ಮುಚ್ಚಳ ಸರಿಮಾಡಿದಳು. "ಅಷ್ಟು ಬೇಗ ತೆಗೀಬಾರದಿತ್ತು, ಮುದುಕ" ಎಂದು ಗೊಣಗಿದಳು. ಹೊಸ ಜೋಡಿಯ ಹುಡುಗಿ ಅಳುತ್ತಿದ್ದಳು. ಡೊಲೀನಾ ಅವಳ ತಲೆಯ ಮೇಲೆ ಕೈಯಿಟ್ಟಳು.

"ಅಳಬೇಡ ಕೂಸೇ. ವಯಸ್ಸಾಯ್ತು, ಕೊನೇಗೆ ಉಡಿಸೋ ಬಟ್ಟೆ ಒಗೆದು ಮಡಿಸಿ ಇಟ್ಟಾಗಿದೆ, ಹೌರಸೇಲೇ ಮಣ್ಣು ಮಾಡಿ ಅಂತ ಪಾದ್ರಿಗಳಿಗೂ ಹೇಳಿದೀನಿ. ದೇವರು ಯಾವಾಗ ಅಂತಾನೋ ಆಗ. ಮಾರ್ಸಲಿಯ ಅಪ್ಪ ಒಳಗೆ ಹೋಗಿ ಮಲಗ್ತಾನೆ... ನಾಳೆ ನೀವೆಲ್ಲ ಹೋಗಿ ಬನ್ನಿ. ಅವನು ಕೇಳಿದರೆ, ಡೊಲೀನಾ ಬರ್ತಾಳೆ ಅಂತ ಆಗಲೇ ಹೇಳಾಗಿದೆ ಅನ್ನಿ."

ಅವಳು ಒಲೆಯ ಕೆಂಡವನ್ನು ಬೂದಿಯಲ್ಲಿ ಮುಚ್ಚತೊಡಗಿದಳು. ಆಮೇಲೆ ತಿರುಗದೆಯೇ ಹೇಳಿದಳು:

"ಒಂದು ಮಾತು. ಇನ್ನೊಂದೆರಡು ಬೇಸಿಗೆ ಕಳೆದು ಬರೋರಿಗೆ ಹೇಳಿಡಿ, ಅಲ್ಲಿ ಒಬ್ಬಳು ಮುದುಕಿ ನಿಂತಿರ್ತಾಳೆ ಅಂತ. ಎಷ್ಟೇ ಪ್ರೀತಿಯಿಂದ ಕೇಳ್ಲಿ, ಉತ್ತರ ಕೊಡಬೇಡಿ. ಇವಳ ಹೆಸರನ್ನಂತೂ ಆ ದ್ವೀಪದಲ್ಲಿ ಬಾಯಿ ಬಿಟ್ಟು ಕರೀಬೇಡಿ... ಯಾಕಂದ್ರೆ, ಯಾವ ಹೆಸರಿಗೆ ಗೇಟು ಹಾಕಬೇಕು ಅನ್ನೋದು ಇವಳಪ್ಪನಿಗೆ ನೆನಪಿತ್ತು. ನನಗೆ ಇರುತ್ತೆ ಅಂತ ನಾನು ಹೇಗೆ ಹೇಳ್ಲಿ?"