ಸತುವಿನ ಔಷಧಿ

ಇಂಡೊನೇಷ್ಯಾದ ಯೋಗ್ಯಕರ್ತ ನಗರದ ಆಸ್ಪತ್ರೆಯಲ್ಲಿ ಡಾಕ್ಟರ ಕೋಣೆಯ ಹೊರಗೆ ಕಾದು ಕೂತಿದ್ದ ಮುರ್ತಿನಿಗೆ ಪಕ್ಕದ ಬೆಂಚಿನ ಅತ್ತೆ-ಸೊಸೆಯ ಮಾತು ಬೇಡವೆಂದರೂ ಕಿವಿಗೆ ಬೀಳುತ್ತಿತ್ತು. ಸೊಸೆಯ ಮಡಿಲಲ್ಲಿದ್ದ ಕೂಸಿನ ಬಾಯಿಯ ಸುತ್ತ ಕೆಂಪು ಹುಣ್ಣು; ತಲೆಗೂದಲೆಲ್ಲ ಉದುರಿತ್ತು.

“ಬಾಟಿಕ್ ಬಟ್ಟೆಗೆ ಬಣ್ಣ ಹಾಕೋ ಕೆಲಸಕ್ಕೆ ಹೋಗ್ಬೇಕು ಅಂತ ಎದೆಹಾಲು ಬಿಡಿಸ್ದೆ. ಈಗ ಅನುಭವಿಸು.”

“ಅದರಿಂದ ಬಂದಿದ್ದಲ್ಲ ಅತ್ತೆ. ಊಟದಲ್ಲಿರೋ ಸತುನ ಇವಳ ಕರುಳು ಒಳಗೆ ಎಳ್ಕೊಳ್ಳಲ್ವಂತೆ. ಆ ಕೆಲಸ ಮಾಡೋ ಪ್ರೋಟೀನೇ ಸರಿಯಾಗಿ ತಯಾರಾಗ್ತಿಲ್ಲ. ಎದೆಹಾಲಿನ ಸತು ಹೇಗೋ ಮೈಗೆ ಹತ್ತಿತ್ತು, ಅದಕ್ಕೇ ಇಷ್ಟು ದಿನ ಕಾಣಿಸ್ಲಿಲ್ಲ.”

“ನಿಮ್ಮ ಮನೆತನದ್ದೇ ಇರ್ಬೇಕು.”

“ಒಬ್ರಿಂದ ಬಂದ್ರೆ ಸಾಲದಂತೆ. ಕೆಟ್ಟ ಜೀನು ನನ್ನಿಂದ ಒಂದು, ನಿಮ್ಮ ಮಗನಿಂದ ಒಂದು. ನಿಮ್ಮ ಕಡೆ ಯಾರಿಗಾದ್ರೂ ಹೀಗಾಗಿತ್ತಾ ಅಂತ ಡಾಕ್ಟ್ರು ಕೇಳ್ತಾರೆ.”

ಜಗಳ ಹತ್ತಿತೆಂದು ಮುರ್ತಿನಿ ಮುಖ ಆಚೆ ತಿರುಗಿಸಿದಳು. ಆದರೆ ಅತ್ತೆಯ ದನಿ ಇಳಿದಿತ್ತು.

“ನಿನ್ನ ಗಂಡ ಹೊಟ್ಟೇಲಿದ್ದಾಗ ರತ್ಮಿಗೆ ಹಾಲು ಬಿಡಿಸಿದ್ದೆ.”

“ರತ್ಮಿ ಯಾರು?”

“ನನ್ನ ಮೊದಲ ಮಗಳು. ಇದೇ ಹುಣ್ಣು, ಇದೇ ಭೇದಿ. ದೆವ್ವ ಮುಟ್ಟಿದೆ ಅಂದ್ರು. ಕೊನೇವರೆಗೂ ಮಂತ್ರಿಸಿದ ನೀರು ಕುಡಿಸ್ದೆ.”

“ಅತ್ತೆ...”

“ಇವಳು ಉಳೀತಾಳಾ?”

“ದಿನಾ ಸತುವಿನ ಔಷಧಿ ಕೊಟ್ರೆ ಹುಷಾರಾಗ್ತಾಳಂತೆ. ಆದ್ರೆ ಬದುಕಿರೋವರೆಗೂ ಬಿಡೋ ಹಾಗಿಲ್ಲ.”

“ಅಷ್ಟೇನಾ?”

“ಅಷ್ಟೇ.”

ನರ್ಸ್ ಹೆಸರು ಕೂಗಿದಳು. ಅತ್ತೆ ಎದ್ದು ಕೂಸನ್ನು ತಾನೇ ಎತ್ತಿಕೊಂಡಳು.

“ರತ್ಮಿ ವಿಷಯ ನಾನೇ ಹೇಳ್ತೀನಿ. ಆದ್ರೆ ಆ ಔಷಧಿ ಆಗಲೂ ಸಿಕ್ತಿತ್ತಾ ಅಂತ ಮಾತ್ರ ಡಾಕ್ಟ್ರನ್ನ ಕೇಳ್ಬೇಡ, ಆಯ್ತಾ?” ಎನ್ನುತ್ತ ಬಾಗಿಲು ದೂಡಿಕೊಂಡು ಒಳಗೆ ಹೋದಳು.