ಹದಿಮೂರು ಮಿಲಿಮೀಟರ್

ಪಾದರಸ ಎಂಬ ಅಡ್ಡಹೆಸರಿನಿಂದ ಬೀದಿಗೆಲ್ಲ ಪರಿಚಿತಳಾದ, ದೂರುದಾರಳ ಒಡಹುಟ್ಟಿದ ತಂಗಿ, ವಯಸ್ಸು 19 ವರ್ಷ, ವೃತ್ತಿ ಅಕ್ಕ ಒಗೆದ ಬಟ್ಟೆಗಳನ್ನು ಸೈಕಲ್ಲಿನಲ್ಲಿ ತಲುಪಿಸುವುದು, ವಾಸ ಎರಡನೇ ಮಹಡಿ, ಮನೆ ಸಂಖ್ಯೆ 6, ಈ ಮೂಲಕ ತಿಳಿಸುವುದೇನೆಂದರೆ:

ವೃತ್ತಿಯ ಜಾಗದಲ್ಲಿ ಮುಖ್ಯ ಪೇದೆಯವರು ಮೊದಲು ವಿದ್ಯಾರ್ಥಿನಿ ಎಂದು ಬರೆದಿದ್ದರು. ನಾನು ಒಂಬತ್ತನೇ ತರಗತಿಯ ಅರ್ಧದಲ್ಲೇ ಶಾಲೆ ಬಿಟ್ಟವಳು. ಅದನ್ನು ಹೊಡೆದು ಹಾಕಿಸಿದ್ದೇನೆ.

ನನ್ನ ಅಕ್ಕ ಎರಡು ವಸತಿಗೃಹಗಳ ಹಾಸು ಹೊದಿಕೆಗಳನ್ನು ಒಗೆದು ಕೊಡುತ್ತಾಳೆ. ಬಟ್ಟೆ ಒಗೆಯುವ ಯಂತ್ರ ನಮ್ಮ ಮನೆಯ ಹೊರಗೆ, ಮೆಟ್ಟಿಲ ಪಕ್ಕದ ಓಣಿಯ ತುದಿಯಲ್ಲಿದೆ. ಅಲ್ಲಿಗೆ ಬಾಗಿಲಿಲ್ಲ. ಯಂತ್ರಕ್ಕೆ ನೀರು ಬಿಡುವ ಹಳೆಯ ನಲ್ಲಿ ನಾಲ್ಕು ದಿನದಿಂದ ಸೋರುತ್ತಿತ್ತು. ನಲ್ಲಿ ರಿಪೇರಿಯವನು ನಾಡಿದ್ದು ಬರುತ್ತೇನೆ ಎಂದ. ಅಕ್ಕ ಇವತ್ತು ಸಂಜೆ 4ಕ್ಕೆ 40 ಹೊದಿಕೆ ಕೊಡಬೇಕಿತ್ತು. ಹೊಸದನ್ನು ನಾನೇ ಹಾಕುತ್ತೇನೆ ಎಂದೆ. ಫೋನಿನಲ್ಲಿ ವಿಡಿಯೊ ಮೂರು ಸಲ ನೋಡಿದ್ದೆ.

ಬೆಳಿಗ್ಗೆ 8.50ಕ್ಕೆ 600 ಮೀಟರ್ ದೂರದ ನಲ್ಲಿ ಸಾಮಾನಿನ ಅಂಗಡಿಗೆ ಹೋಗಿ, ಹಳೆಯ ನಲ್ಲಿಯ ಜಾಗಕ್ಕೆ ಒತ್ತಿ ಕೂರಿಸುವ ವಾಲ್ವ್ ಕೇಳಿದೆ. ಇದಕ್ಕೆ ತಿರುಪೂ ಬೇಡ ಬೆಸುಗೆಯೂ ಬೇಡ, ಸುಮ್ಮನೆ ಒತ್ತಮ್ಮ, ಮಕ್ಕಳೂ ಹಾಕ್ತವೆ ಎಂದು ಅಂಗಡಿಯವನು ಹೇಳಿದ. ಕಾವಲುಗಾರನಿಂದ ಕೀಲಿ ತಂದು ಕೆಳಗಿನ ನೀರಿನ ಪೆಟ್ಟಿಗೆಯ ಬೀಗ ತೆಗೆದು ಇಡೀ ಕಟ್ಟಡದ ನೀರನ್ನು 9.15ಕ್ಕೆ ನಿಲ್ಲಿಸಿ, ತಾಮ್ರದ ಪೈಪನ್ನು ಗರಗಸದಿಂದ ಕತ್ತರಿಸಿದೆ. ಆಮೇಲೆ ನೋಡಿದರೆ ಪೈಪು 15 ಮಿ.ಮೀ., ವಾಲ್ವು 22. ಎರಡನೇ ಸಲ ಹೋದಾಗ ಅಂಗಡಿಯವನು, ಅಳತೆ ತಗೊಂಡ್ ಬರೋದಲ್ವೇನಮ್ಮ ಎಂದು ನನ್ನನ್ನೇ ದಬಾಯಿಸಿದ. ಬದಲಿಸಿ ತಂದೆ. ಈ ಸಲ ಯಂತ್ರದ ಕೊಳವೆಗೆ ಹಾಕುವ ರಬ್ಬರ್ ಬಿಲ್ಲೆ ಇರಲಿಲ್ಲ. ಮೂರನೇ ಸಲ ಹೋದೆ. ಅಷ್ಟರಲ್ಲಿ ಮೂರು ಮನೆಯವರು ಮೆಟ್ಟಿಲಲ್ಲಿ ನಿಂತು, ಮುಖ ತೊಳೆಯೋಕ್ಕೂ ನೀರಿಲ್ಲ ಎಂದು ಕೂಗುತ್ತಿದ್ದರು. ಒಬ್ಬರ ತಲೆಯಲ್ಲಿ ಸೋಪಿನ ನೊರೆ ಇತ್ತು.

ಈ ವಾಲ್ವಿನ ಎರಡೂ ಬಾಯಿಗೆ ಪೈಪು 25 ಮಿ.ಮೀ. ಒಳಗೆ ಹೋಗಬೇಕು. ಆಗ ಮಾತ್ರ ಒಳಗಿನ ಉಕ್ಕಿನ ಹಲ್ಲುಗಳೂ ರಬ್ಬರ್ ಉಂಗುರವೂ ಸರಿಯಾಗಿ ಹಿಡಿಯುತ್ತವೆ. ಎರಡೂ ತುದಿಯಲ್ಲಿ 25ಕ್ಕೆ ಪೆನ್ಸಿಲಿನಿಂದ ಗೆರೆ ಹಾಕಿದೆ. ಎಡ ತುದಿ ಗೆರೆಯವರೆಗೂ ಹೋಯಿತು. ನೀರು ಬರುವ ಬಲ ತುದಿ ಹೋಗಲಿಲ್ಲ. ಗರಗಸ ಬಿಟ್ಟ ಚೂಪು ಅಂಚು ಅಲ್ಲಿ ಹಾಗೇ ಇತ್ತು. ಹೊರಗೆ ತೆಗೆದು ಅರದಿಂದ ಉಜ್ಜಿ ನಯ ಮಾಡಬೇಕಿತ್ತು. ನಾಲ್ಕು ನಿಮಿಷದ ಕೆಲಸ. ನಾನು ಮಾಡಲಿಲ್ಲ. ಅಂಗೈ ಕೆಂಪಾಗುವಷ್ಟು ಒತ್ತಿದೆ. ಟಕ್ ಎಂಬ ಸದ್ದು ಬಂತು. ಗೆರೆ ಮಾತ್ರ 13 ಮಿ.ಮೀ. ಹೊರಗೇ ಉಳಿಯಿತು.

10.30ಕ್ಕೆ ಅಕ್ಕ ಒಳಗಿನಿಂದ, ಆಯ್ತೇನೇ, ಇಲ್ಲ ಸಂಜೆವರೆಗೂ ಅದನ್ನೇ ಮುದ್ದಾಡ್ತಾ ಕೂರ್ತೀಯಾ ಎಂದಳು. ಸರಿಯಾಗಿ ಕೂತಿದೆ ತಾನೇ ಎಂದೂ ಕೇಳಿದಳು. ಕೂತಿದೆ ಎಂದೆ. ಆಮೇಲೆ ಹೆಬ್ಬೆರಳಿಗೆ ಉಗುಳು ಹಚ್ಚಿ ಆ ಗೆರೆಯನ್ನು ಉಜ್ಜಿದೆ. ಅದು ಪೂರ್ತಿ ಹೋಗಲಿಲ್ಲ.

ಸರಿಯಾಗಿ ಕೂತಿಲ್ಲವೆಂದು ಗೊತ್ತಿದ್ದೂ 10.35ಕ್ಕೆ ನೀರು ಬಿಟ್ಟೆ. ಒಂದು ಹನಿಯೂ ಸೋರಲಿಲ್ಲ. ಅಕ್ಕ ಯಂತ್ರ ಹಚ್ಚಿ ತಾರಸಿಗೆ ಹೋದಳು. ನಾನು ಒಣಗಿದ ಗಂಟನ್ನು ಸೈಕಲ್ಲಿಗೆ ಕಟ್ಟಿಕೊಂಡು 1.5 ಕಿ.ಮೀ. ದೂರದ ವಸತಿಗೃಹಕ್ಕೆ ಹೋದೆ. ನೀರಿನ ಪೆಟ್ಟಿಗೆಯ ಕೀಲಿ ನನ್ನ ಜೇಬಿನಲ್ಲೇ ಇತ್ತು.

ಮುಂದಿನದನ್ನು ನಾನು ನೋಡಿಲ್ಲ, ಅಕ್ಕನ ಬಾಯಿಂದಲೇ ಕೇಳಿದ್ದು. 11.12ಕ್ಕೆ ಅವಳು ತಾರಸಿಯಿಂದ ಇಳಿದಾಗ ಓಣಿಯಲ್ಲಿ ಪಾದ ಮುಳುಗುವಷ್ಟು ನೀರಿತ್ತು. ನಮ್ಮ ಕೆಳಗಿನ ಮನೆಯ, ಶಾಲಾ ವ್ಯಾನಿನ ಚಾಲಕ ವಾಲ್ವಿನಿಂದ ಹೊರಬಂದಿದ್ದ ಪೈಪಿನ ತುದಿ ಹಿಡಿದು ಮಂಡಿಯೂರಿ ಕೂತಿದ್ದ. ಬಿಡ್ರೀ ಅದನ್ನ ಎಂದು ಅಕ್ಕ ಕಿರುಚಿದಳು. ಬಿಟ್ರೆ ನಿಮ್ಮನೇನೂ ತೇಲುತ್ತೆ, ನಮ್ಮನೇನೂ ತೇಲುತ್ತೆ, ಮೊದ್ಲು ಕೀಲಿ ತನ್ನಿ ಎಂದು ಆತ ಹೇಳಿದನಂತೆ. ಕಿತ್ತ ಮೇಲೆ ಹೆದರಿ ನಾಟಕ ಆಡ್ತಿದಾನೆ ಎಂದು ಅಕ್ಕ ಠಾಣೆಗೆ ಫೋನ್ ಮಾಡಿದಳು.

ಅಕ್ಕನ ಅನುಮಾನಕ್ಕೆ ಕಾರಣವೂ ಇದೆ, ಅದನ್ನೂ ಬರೆಯಬೇಕು. ಮೂರು ವಾರದ ಹಿಂದೆ ಯಂತ್ರದ ಗಡಗಡ ತಾಳದೆ ಚಾಲಕ ಎಲ್ಲರೆದುರು, ಒಂದಿನ ಆ ಪೈಪ್ ಕಿತ್ತು ಬಿಸಾಕ್ತೀನಿ ನೋಡ್ತಿರಿ ಎಂದಿದ್ದು ನಿಜ. ಮುಖ್ಯ ಪೇದೆಯವರು, ಅವನನ್ನ ಬಿಡಿಸೋಕೆ ಬಂದು ಇದನ್ಯಾಕೆ ಬರೆಸ್ತೀಯ, ನೀನು ಯಾರ ಕಡೆಯವಳಮ್ಮ ಎಂದರು. ಆತ ಹಾಗೆ ಹೇಳಿದ್ದು ನಿಜ, ಕಿತ್ತಿದ್ದು ನಿಜವಲ್ಲ ಎಂದೆ.

ನಾನು 11.25ಕ್ಕೆ ಬಂದು ನೀರು ನಿಲ್ಲಿಸಿದೆ. ಅಲ್ಲಿಯವರೆಗೂ ಆತ ಬೆರಳು ತೆಗೆದಿರಲಿಲ್ಲ. ಪೈಪಿನ ತುದಿ ನೋಡಿದೆ. ನಾನು ಉಜ್ಜಿದ ಗೆರೆಯ ಕಲೆ ಅಲ್ಲೇ ಇತ್ತು. ನನಗೆ ಆಗಲೇ ಗೊತ್ತಾಯಿತು. 11.40ಕ್ಕೆ ಪೇದೆಗಳು ಬಂದರು. ಚಾಲಕನನ್ನು ಒದ್ದೆ ಅಂಗಿಯಲ್ಲೇ ಕರೆದೊಯ್ದರು. ನಾನು ಕೈಯಲ್ಲಿ ನೆಲ ಒರೆಸುವ ಬಟ್ಟೆ ಹಿಡಿದು ನಿಂತಿದ್ದೆ. ಬಾಯಿ ಬಿಡಲಿಲ್ಲ.

ಆಮೇಲೆ ಚಾಲಕನ ಮನೆಗೆ ನೆಲ ಒರೆಸಲು ಹೋದೆ. ಚಾವಣಿಯ ಗಾರೆ ಮಂಚದ ಮೇಲೆ ಬಿದ್ದಿತ್ತು. ಆತನ ಹೆಂಡತಿ ನನ್ನನ್ನು ಬೈಯಲಿಲ್ಲ. ಕೇಸಾದ್ರೆ ಮಕ್ಕಳ ವ್ಯಾನ್ ಓಡಿಸೋಕೆ ಬಿಡಲ್ಲ ಕಣಮ್ಮ, ಬೇರೆ ಕೆಲ್ಸ ಅವ್ರಿಗೆ ಬರಲ್ಲ ಎಂದಳು. 2.20ಕ್ಕೆ ನಾನು ಅಕ್ಕನಿಗೆ ಎಲ್ಲವನ್ನೂ ಹೇಳಿದೆ. ಅಕ್ಕ, ಕೂತಿದೆ ಅಂದ್ಯಲ್ಲೇ ಎಂದಳು. ಮತ್ತೆ, ಠಾಣೆಗೆ ಹೋಗ್ಬೇಡ, ಅವ್ನಿಗೂ ಒಂದಿಷ್ಟು ಬುದ್ಧಿ ಬರ್ಲಿ ಎಂದಳು. ಪೈಪನ್ನು ತುದಿಯಿಂದ 20 ಸೆಂ.ಮೀ. ಉದ್ದಕ್ಕೆ ಕತ್ತರಿಸಿ, ವಾಲ್ವಿನ ಜೊತೆ ಚೀಲದಲ್ಲಿ ಹಾಕಿಕೊಂಡು 2.50ಕ್ಕೆ ಇಲ್ಲಿಗೆ ಬಂದೆ. ಎರಡನ್ನೂ ಒಪ್ಪಿಸಿದ್ದೇನೆ.

ಚಾಲಕ ಬೆಂಚಿನ ಮೇಲೆ ಕೂತು ಐದೈದು ನಿಮಿಷಕ್ಕೂ ಗಂಟೆ ಕೇಳುತ್ತಿದ್ದ. ಆತನ ಹೇಳಿಕೆಗೆ ಸಹಿ ಇಲ್ಲ, ಎಡಗೈ ಹೆಬ್ಬೆಟ್ಟಿದೆ. ಓದು ಬಲ್ಲವನು ಹೆಬ್ಬೆಟ್ಟು ಯಾಕೆ ಒತ್ತಿದ ಎಂದು ಕೇಳಿದೆ. ಆತ ಬಲಗೈಗೆ ಸುತ್ತಿಕೊಂಡಿದ್ದ ಬಟ್ಟೆ ಬಿಚ್ಚಿ ತೋರಿಸಿದ. ಹೆಬ್ಬೆರಳಿನ ಮೆತ್ತನೆ ಭಾಗದಲ್ಲಿ ಉಂಗುರದಂತೆ ದುಂಡಗೆ ಕೊಯ್ದಿತ್ತು. ನನ್ನ ಕೋರಿಕೆಯ ಮೇರೆಗೆ ಮುಖ್ಯ ಪೇದೆಯವರು ಪೈಪಿನ ತುದಿಯನ್ನು ಅದರ ಮೇಲೆ ಹಿಡಿದು ನೋಡಿದರು. ಸರಿಯಾಗಿ ಕೂತಿತು. ಎಳೆದು ಕೀಳುವವನಿಗೆ ಆ ಗಾಯ ಆಗುವುದಿಲ್ಲ. ಬಾಯಿ ಮುಚ್ಚಿ ಹಿಡಿದವನಿಗೆ ಮಾತ್ರ ಆಗುತ್ತದೆ. ಆ ಅಂಚನ್ನು ನಯ ಮಾಡದೆ ಬಿಟ್ಟವಳು ನಾನು.

ಈ ಹೇಳಿಕೆಯನ್ನು ನಾನೇ ಓದಿಕೊಂಡಿದ್ದೇನೆ. ಸರಿಯಾಗಿ ಕೂತಿದೆಯೆಂದು ಭಾವಿಸಿ ಎಂದು ಬರೆದಿದ್ದ ಕಡೆ, ಕೂತಿಲ್ಲವೆಂದು ಗೊತ್ತಿದ್ದೂ ಎಂದು ತಿದ್ದಿಸಿ ಪಕ್ಕದಲ್ಲಿ ಸಹಿ ಮಾಡಿದ್ದೇನೆ. ಉಳಿದದ್ದೆಲ್ಲ ನಡೆದ ಹಾಗೆಯೇ ಇದೆ. ಯಾರೂ ಹೇಳಿಕೊಟ್ಟಿಲ್ಲ, ಹೇಳಬೇಡ ಎಂದವಳು ಅಕ್ಕ ಒಬ್ಬಳೇ. ಈಗ ಸಮಯ 3.20. ಶಾಲೆ ಬಿಡುವುದು 3.40ಕ್ಕೆ. ಇಲ್ಲಿಂದ ಶಾಲೆಗೆ 2 ಕಿ.ಮೀ., ವ್ಯಾನಿಗೆ ಕಾಯುವ ಮಕ್ಕಳು 14.

ಸ್ಥಳ: ಠಾಣೆ, ಬೆಂಚಿನ ಎದುರಿನ ಮೇಜು
ದಿನಾಂಕ: ನೀರು ಹರಿದ ದಿನವೇ
ಸಹಿ: ಪಾದರಸ (ಬಲಗೈಯಲ್ಲಿ)