ಸತ್ತ ಮೇಲೊಂದು ನಗು

ಒಂದೂರಲ್ಲಿ ಒಬ್ಬ ಶ್ರೀಮಂತ ಇದ್ದ ಎಂದು ಶುರು ಮಾಡುತ್ತೇನೆ ಅಂದುಕೊಂಡಿರಾ? ಇಲ್ಲ, ಇವತ್ತು ಶ್ರೀಮಂತನಿಗೆ ರಜೆ. ಒಂದೂರಲ್ಲಿ ಒಬ್ಬ ಸಾಯುವವನು ಇದ್ದ. ಸಾಯುವುದೇ ಅವನ ಕಸುಬು.

ಮನೆಯಲ್ಲಿ ಹೇಳದೆ ಮಾರ್ನಿಂಗ್ ಶೋಗೆ ಹೋಗಿ ನೋಡುತ್ತಾರಲ್ಲ, ದೆವ್ವ, ಡಕಾಯಿತರು, ಪೋಸ್ಟರ್ ತುಂಬ ರಕ್ತ, ಅಂಥ ಅಗ್ಗದ ಸಿನಿಮಾಗಳ ನಟ ಅವನು. ಹಿಂದಿನ ಸಾಲಿನ ಯಜಮಾನರು ನಗುತ್ತಿದ್ದೀರಿ. ಯಾರ್ಯಾರು ನೋಡಿದ್ದೀರಿ ಅಂತ ಗೊತ್ತಾಯಿತು ಬಿಡಿ! ಇಪ್ಪತ್ತು ವರ್ಷ ಸತ್ತ. ದೆವ್ವ ಕತ್ತು ಹಿಸುಕಿತು, ಸತ್ತ. ಖಳನಾಯಕ ಬಾವಿಗೆ ನೂಕಿದ, ಸತ್ತ. ಮಾತಿಲ್ಲ, ಬರೀ "ಅಯ್ಯೋ".

ನೋಡಿ, ಆ ಕಸುಬಿನಲ್ಲಿ ಒಂದು ಪದ್ಧತಿ. ಹೆಣವಾಗಿ ಮಲಗಿದವನು ಎದ್ದು ಕೂತು, ಕ್ಯಾಮೆರಾ ನೋಡಿ ಒಮ್ಮೆ ನಗಬೇಕು. ಸಾವಿನ ಪಾತ್ರ ಮೈಗೆ ಅಂಟಬಾರದು ಅಂತ ಆ ನಗುವಿನ ಚಿತ್ರವನ್ನೂ ತೆಗೆಯುತ್ತಾರೆ. ಅವನ ಹೆಂಡತಿ ದಿನಾ ಬಾಗಿಲಲ್ಲೇ ಕೇಳುವಳು, "ನಕ್ಕು ಬಂದ್ರಾ?" "ಹ್ಞೂ ಕಣೇ" ಅಂದರೆ ಮಾತ್ರ ಒಳಗೆ ಪ್ರವೇಶ.

ಕೊನೆಗೂ ಅವನಿಗೊಂದು ಮಾತು ಸಿಕ್ಕಿತು. ಸಾಯುವ ಮುಂಚೆ ಒಂದೇ ಸಾಲು: "ಧಣೀ, ನಿಮ್ಮ ಬಾಗಿಲು ಕಾದೂ ಕಾದೂ ನನ್ನ ಕಾಲೇ ಸೋತು ಹೋಯ್ತು!" ತಿಂಗಳಿಡೀ ಹೆಂಡತಿಯ ಮುಂದೆ ಹೇಳಿ ಹೇಳಿ ಅವಳಿಗೂ ಬಾಯಿಪಾಠವಾಯಿತು. ಚಿತ್ರೀಕರಣದ ದಿನ ನಿರ್ದೇಶಕ ಆಕಾಶ ನೋಡಿದ. "ಬೆಳಕು ಹೋಗ್ತಿದೆ. ಡೈಲಾಗ್ ಬೇಡ, ಸುಮ್ನೆ ಬಿದ್ದು ಸಾಯಯ್ಯ" ಅಂದ. ಸತ್ತ. ನಗುವಿನ ಶಾಟನ್ನೂ ತೆಗೆಯದೆ ಎಲ್ಲರೂ ಗಂಟುಮೂಟೆ ಕಟ್ಟಿದರು.

ಸಂಜೆ ಬಾಗಿಲಲ್ಲಿ ಅದೇ ಪ್ರಶ್ನೆ. "ನಕ್ಕು ಬಂದ್ರಾ?"

"ದಾರಿ ಬಿಡೇ! ಇಪ್ಪತ್ತು ವರ್ಷ ಕಾದೆ, ಬಾಯಿ ಬಿಡೋಕೂ ಬಿಡ್ಲಿಲ್ಲ. ನಗು ಅಂತೆ ನಗು!"

ಪಾಪ, ಅವನು ರೇಗಿದ, ಅಷ್ಟೇ. ನಾವಾಗಿದ್ದರೆ ತಟ್ಟೆ ಎಸೆಯುತ್ತಿದ್ದೆವು. ಹೌದೋ ಅಲ್ಲವೋ?

ಅವಳು ಅಡ್ಡ ನಿಂತೇ ಇದ್ದಳು. "ಆ ಮಾತು ಇಲ್ಲೇ ಹೇಳಿ. ಹೇಳದೆ ಒಳಗೆ ಬಿಡಲ್ಲ."

ಅವನು ಗೋಡೆ ನೋಡಿದ, ನೆಲ ನೋಡಿದ. ಆಮೇಲೆ ಹೊಸ್ತಿಲಾಚೆ ಕೈಮುಗಿದು ನಿಂತು, ಗಂಟಲು ಬಿರಿಯುವಂತೆ ಹೇಳಿದ. "ಧಣೀ, ನಿಮ್ಮ ಬಾಗಿಲು ಕಾದೂ ಕಾದೂ ನನ್ನ ಕಾಲೇ ಸೋತು ಹೋಯ್ತು!" ಪಕ್ಕದ ಮನೆಯವರೆಲ್ಲ ಹೊರಗೆ ಬಂದರು. ಅವನು ದೊಪ್ಪನೆ ಜಗಲಿಯ ಮೇಲೆ ಬಿದ್ದು ಸತ್ತ. ಹೆಂಡತಿ ಒಂದು ಕಣ್ಣು ಮುಚ್ಚಿ, ಬೆರಳುಗಳನ್ನೇ ಕ್ಯಾಮೆರಾ ಮಾಡಿಕೊಂಡಳು. "ಚೆನ್ನಾಗಿ ಸತ್ರಿ. ಈಗ ಎದ್ದು ನಗಿ, ಸಾರು ಆರಿಹೋಗ್ತಿದೆ."

ನಕ್ಕ. ಕಣ್ಣಲ್ಲಿ ನೀರು ಬರುವಷ್ಟು ನಕ್ಕ. ಆಮೇಲೆ ಎರಡು ಸಲ ಸಾರು ಹಾಕಿಸಿಕೊಂಡು ಉಂಡ.

ಈಗ ನಿಮ್ಮ ವಿಷಯಕ್ಕೆ ಬರೋಣ. ಅಂಗಡಿಯಲ್ಲಿ, ಕಚೇರಿಯಲ್ಲಿ ನೀವೂ ದಿನಾ ಒಂದಿಷ್ಟು ಸಾಯುತ್ತೀರಿ. ಯಾರೋ ನಿಮ್ಮ ಬಾಯಿ ಮುಚ್ಚಿಸುತ್ತಾರೆ. ಆ ಹೆಣವನ್ನು ಹೊತ್ತು ತಂದು ಮಕ್ಕಳ ಮೇಲೆ ಹಾಕುತ್ತೀರಲ್ಲ, ಅವು ಏನು ಮಾಡಿದ್ದವು? ಇವತ್ತಿನಿಂದ ಚಪ್ಪಲಿ ಬಿಡುವ ಜಾಗದಲ್ಲಿ ಒಂದು ನಿಮಿಷ ನಿಲ್ಲಿ. ನುಂಗಿಕೊಂಡ ಮಾತನ್ನು ಮನೆಯವರಿಗೆ ಹೇಳಿ, ಅವರ ಮೇಲೆ ಕೂಗಾಡಬೇಡಿ, ಹೇಳಿ. ಮನೆಯಲ್ಲಿರುವವರೇ, "ಯಾಕೆ ಲೇಟು?" ಅಂತ ಕೇಳಬೇಡಿ. "ನಕ್ಕು ಬಂದ್ರಾ?" ಅಂತ ಕೇಳಿ. ಇಲ್ಲ ಅಂದರೆ ಬಾಗಿಲಲ್ಲೇ ನಗಿಸಿ ಒಳಗೆ ಕರೆದುಕೊಳ್ಳಿ.

ಹಿಂದಿನ ಸಾಲಿನ ಯಜಮಾನರೇ, ನೀವಂತೂ ಆಗಲೇ ನಕ್ಕಾಯಿತು. ಅದೇ ಮುಖದಲ್ಲಿ ಮನೆಗೆ ಹೋಗಿ.